ಸಿವಿಲ್ ವ್ಯಾಜ್ಯವೂ ಪೋಲೀಸ್ ರಕ್ಷಣೆಯೂ

2021ರಲ್ಲಿ ಬಳ್ಳಾರಿಯಿಂದ ಬೇರ್ಪಟ್ಟ ವಿಜಯನಗರ ಜಿಲ್ಲೆಯ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ತಾಲೂಕುಗಳು ಬಹುಮಟ್ಟಿಗೆ ಮಳೆಯನ್ನು ನೆಚ್ಚಿದ ಸೀಮೆ. ಹೊಲದ ಬದುವಾಗಲಿ, ಬಂಡಿದಾರಿಯಾಗಲಿ, ಅಣ್ಣತಮ್ಮಂದಿರ ಪಾಲಾಗಲಿ, ಮಠದ ಪಟ್ಟವಾಗಲಿ, ಒಮ್ಮೆ ಕೋರ್ಟಿನ ಮೆಟ್ಟಿಲೇರಿತೆಂದರೆ ದಾವೆಯು ವರ್ಷಗಟ್ಟಲೆ ನಡೆಯುವುದುಂಟು. ಬಿತ್ತನೆಯೂ ಕೊಯಿಲೂ ಅಷ್ಟು ಕಾಲ ಕಾದಿರಲಾರವು. ಆದುದರಿಂದಲೇ ದಾವೆಯು ವಿಚಾರಣೆಯಲ್ಲಿರುವಾಗಲೇ ಕಕ್ಷಿಗಾರನು ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಿ ಪೋಲೀಸ್ ರಕ್ಷಣೆಯನ್ನು ಬೇಡುತ್ತಾನೆ.

ಈ ಒಂದು ಅರ್ಜಿಯಲ್ಲಿ ಎರಡು ಬೇಡಿಕೆಗಳು ಬೆರೆತಿರುತ್ತವೆ. ಜೀವಕ್ಕೆ ಅಪಾಯವಿದೆ, ಕಾಪಾಡಿರಿ ಎಂಬುದು ಮೊದಲನೆಯದು. ಇದು ವಾದಿ ಪ್ರತಿವಾದಿಗಳಿಬ್ಬರಿಗೂ ಸಲ್ಲತಕ್ಕ ಹಕ್ಕು. ಇದಕ್ಕೆ ಯಾವ ಡಿಕ್ರಿಯೂ ಬೇಕಿಲ್ಲ. ಸ್ವತ್ತು ನನ್ನ ಸ್ವಾಧೀನದಲ್ಲಿದೆ, ಎದುರಾಳಿಯನ್ನು ಒಳಗೆ ಬಿಡಬೇಡಿರಿ ಎಂಬುದು ಎರಡನೆಯದು. ದಾವೆಯಲ್ಲಿ ತೀರ್ಮಾನವಾಗಬೇಕಾದ ಪ್ರಶ್ನೆಯೇ ಇದು. ಅದನ್ನು ಪೋಲೀಸ್ ಠಾಣೆಯು ತೀರ್ಮಾನಿಸುವುದಾದರೆ ನ್ಯಾಯಾಸ್ಥಾನವೇತಕ್ಕೆ? ಕೇರಳದ ಮಠಾಧಿಪತ್ಯದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟು 2006ರಲ್ಲಿ ಇದನ್ನೇ ಸ್ಪಷ್ಟಪಡಿಸಿತು: ಸಿವಿಲ್ ಕೋರ್ಟಿನ ಡಿಕ್ರಿಯಿಂದಾಗಲಿ ಮಧ್ಯಂತರ ಆಜ್ಞೆಯಿಂದಾಗಲಿ ನಿಸ್ಸಂದಿಗ್ಧವಾಗಿ ನಿರ್ಣಯವಾಗದ ಹಕ್ಕಿಗೆ ರಿಟ್ಟಿನ ಮೂಲಕ ಪೋಲೀಸ್ ಬಲವನ್ನು ಒದಗಿಸಲಾಗದು.

ಹಾಗಾದರೆ ನೊಂದವನು ಹೋಗತಕ್ಕದ್ದೆಲ್ಲಿಗೆ? ದಾವೆ ನಡೆದಿರುವ ಕೋರ್ಟಿಗೇ. ಸಿವಿಲ್ ಪ್ರೊಸೀಜರ್ ಕೋಡಿನ 39ನೆಯ ಆರ್ಡರಿನ ಮೇರೆಗೆ ತಾತ್ಕಾಲಿಕ ತಡೆಯಾಜ್ಞೆ ದೊರೆಯುವುದು. ಅದನ್ನು ಮೀರಿದವನ ಸ್ವತ್ತನ್ನು ಜಪ್ತಿ ಮಾಡಲೂ, ಅವನನ್ನು ಮೂರು ತಿಂಗಳವರೆಗೆ ಸಿವಿಲ್ ಸೆರೆಯಲ್ಲಿಡಲೂ ಅದೇ ಕೋರ್ಟಿಗೆ ಅಧಿಕಾರವುಂಟು. ಅವಶ್ಯವಾದರೆ 151ನೆಯ ಕಲಮಿನ ಮೇರೆಗೆ ಪೋಲೀಸರ ನೆರವಿಗೂ ಆಜ್ಞೆಯಾಗಬಹುದು. ಇಂಥ ಆಜ್ಞೆಯನ್ನು ಕೈಯಲ್ಲಿ ಹಿಡಿದು ಬಂದವನಿಗೆ "ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗು" ಎಂದು ಠಾಣೆಯವರು ಹೇಳುವುದು ಕರ್ತವ್ಯಲೋಪವಲ್ಲದೆ ಮತ್ತೇನೂ ಅಲ್ಲ. ಆಜ್ಞೆಯೇ ಇಲ್ಲದವನ ಪರವಾಗಿ ಹೊಲಕ್ಕಿಳಿಯುವುದು ಅಷ್ಟೇ ದೊಡ್ಡ ತಪ್ಪು.

ನ್ಯಾಯಾಧೀಶರಿಗೂ ನಮ್ಮದೊಂದು ವಿಜ್ಞಾಪನೆಯಿದೆ. ಎದುರು ಕಕ್ಷಿಗೆ ನೋಟೀಸು ಕೊಡದೆ ತಡೆಯಾಜ್ಞೆ ನೀಡಿದಲ್ಲಿ, ಆ ಅರ್ಜಿಯನ್ನು 30 ದಿನಗಳೊಳಗೆ ತೀರ್ಮಾನಿಸಲು ಯತ್ನಿಸಬೇಕೆಂದೂ, ಆಗದಿದ್ದರೆ ಕಾರಣವನ್ನು ಬರೆದಿಡಬೇಕೆಂದೂ ಕೋಡೇ ವಿಧಿಸುತ್ತದೆ. ಈ ವಿಧಿಯು ಅಕ್ಷರಶಃ ಪಾಲನೆಯಾದರೆ ಬಡ ರೈತನು ಧಾರವಾಡದ ಹೈಕೋರ್ಟು ಪೀಠದವರೆಗೆ ವಕೀಲರನ್ನು ಹುಡುಕಿಕೊಂಡು ಹೋಗುವ ಪ್ರಮೇಯವೇ ವಿರಳವಾದೀತು.

ದಾವೆಯಿಲ್ಲದೆ ಬರಿಯ ಹೊಡೆದಾಟದ ಭಯವಿರುವಲ್ಲಿ ತಹಶೀಲ್ದಾರರು ಎಕ್ಸಿಕ್ಯೂಟಿವ್ ಮ್ಯಾಜಿಸ್ಟ್ರೇಟರಾಗಿ, ಹಿಂದೆ 145ನೆಯದಾಗಿದ್ದು 2024ರಿಂದ ನಾಗರಿಕ ಸುರಕ್ಷಾ ಸಂಹಿತೆಯ 164ನೆಯದಾಗಿರುವ ಕಲಮಿನ ಮೇರೆಗೆ, ವಾಸ್ತವ ಸ್ವಾಧೀನ ಯಾರದೆಂಬುದನ್ನಷ್ಟೇ ವಿಚಾರಿಸಬಹುದು. ಸ್ವಾಧೀನದ ಪ್ರಶ್ನೆಯು ಸಿವಿಲ್ ಕೋರ್ಟಿನಲ್ಲಿರುವಾಗ ಇದನ್ನೂ ಜೊತೆಜೊತೆಗೆ ನಡೆಯಿಸಬಾರದೆಂದು ಸುಪ್ರೀಂ ಕೋರ್ಟು ಹಿಂದೆಯೇ ಹೇಳಿದೆ.

ಪೋಲೀಸ್ ಪೇದೆಯು ಒಬ್ಬನ ಬದುವಿನ ಮೇಲೆ ನಿಂತರೆ ಊರಿನವರು ಅದನ್ನೇ ಸರಕಾರದ ತೀರ್ಪೆಂದು ತಿಳಿಯುತ್ತಾರೆ. ಒಂದು ಹಂಗಾಮಿನ ಫಸಲು ಕೈತಪ್ಪಿದವನಿಗೆ ಹತ್ತು ವರ್ಷಗಳ ಮೇಲೆ ಬಂದ ಡಿಕ್ರಿಯು ಹೊಟ್ಟೆ ತುಂಬಿಸದು. ಆದುದರಿಂದ ಅಧಿಕಾರಿಗಳು ಮೊದಲು ಆಜ್ಞೆಯನ್ನು ಓದಲಿ. ಆಮೇಲೆ ಲಾಠಿಯನ್ನು ಕಳುಹಿಸಲಿ.