ಗೆರೆ ಎಳೆಯುವವರು ಯಾರು?



ಶಾಲೆಯ ಗೋಡೆಯ ಮೇಲೆ ನಾವು ನೋಡಿದ ಜಗತ್ತಿನ ನಕಾಶೆ ನೆನಪು ಮಾಡಿಕೊಳ್ಳಿ. ಅದರಲ್ಲಿ ಗ್ರೀನ್‌ಲ್ಯಾಂಡು ಹೆಚ್ಚುಕಡಿಮೆ ಆಫ್ರಿಕಾದಷ್ಟೇ ದೊಡ್ಡದು. ಖರೇ ನೋಡಿದರೆ ಆಫ್ರಿಕಾ ಅದರ 14 ಪಟ್ಟು ಐತಿ. 1569ರಲ್ಲಿ ಮರ್ಕೇಟರ್ ಎಂಬಾತ ಹಡಗಿನವರು ದಿಕ್ಕು ತಪ್ಪಬಾರದೆಂದು ಬರೆದ ರೀತಿ ಅದು. ಹಡಗಿನವರಿಗೆ ದಾರಿ ಸಿಕ್ಕಿತು. ಕಪ್ಪು ಜನರ ನೆಲ ನಮ್ಮ ಕಣ್ಣಿಗೆ ಸಣ್ಣದಾತು. ಬರೆಸಿದವನಿಗೆ ಏನು ಬೇಕೋ ಅದನ್ನೇ ನಕಾಶೆ ತೋರಿಸುತ್ತದೆ.

ನಮ್ಮ ಸೀಮೆಗೇ ಬರೋಣ. 1840ರ ದಶಕದಲ್ಲಿ ಕ್ಯಾಪ್ಟನ್ ವಿಂಗೇಟನ ಕಂದಾಯ ಮೋಜಣಿ ಧಾರವಾಡ ಜಿಲ್ಲೆಗೆ ಬಂತು. ಮುಂದೆ ರೋಣ, ನರಗುಂದದ ಎರಿ ಹೊಲಗಳಲ್ಲೂ 33 ಫೂಟಿನ ಸರಪಳಿ ಹರಿದಾಡಿತು. ಸರಪಳಿಯ ಚೌಕ ಒಂದು ಗುಂಟೆ, 40 ಗುಂಟೆಗೆ ಎಕರೆ. ಹೊಲಕ್ಕೆ ನಂಬರು ಬಿತ್ತು, ಕಲ್ಲು ಬಿತ್ತು, ಪಟ್ಟಿ ಬಿತ್ತು. ಜನ ಮಲಗುವ ಜಾಗದಿಂದ ಸರಕಾರಕ್ಕೆ ಪಟ್ಟಿ ಹುಟ್ಟುವುದಿಲ್ಲ. ಅದನ್ನು ಗಾಂವಠಾಣವೆಂದು ಒಂದೇ ತುಂಡು ಮಾಡಿ ಬಿಟ್ಟರು. ಒಳಗೆ ಯಾವ ಮನೆ ಯಾರದು, ಗೆರೆ ಇಲ್ಲ.

ವಾಡೆಯವರಿಗೆ ಚಿಂತಿ ಇರಲಿಲ್ಲ. ಅವರ ಹೊಲಕ್ಕೆ ಉತಾರ ಇತ್ತು. ಹೊಲ ಇಲ್ಲದ ನಮ್ಮ ಅಜ್ಜಂದಿರಿಗೆ ಗುಡಿಸಲೇ ಆಸ್ತಿ, ಅದಕ್ಕೆ ಕಾಗದವೇ ಇಲ್ಲ. ಎರಡು ಊರಿನ ನಡುವೆ ಸೀಮೆ ಜಗಳ ಬಂದರೆ ಗಡಿ ತೋರಿಸಲು ಕರೆಯುತ್ತಿದ್ದದ್ದು ಕೇರಿಯ ಹಿರಿಯನನ್ನು. ಊರಿನ ಗಡಿ ಬಲ್ಲವನ ಮನೆಗೇ ಗಡಿ ಇರಲಿಲ್ಲ!

1997ರಲ್ಲಿ ಧಾರವಾಡ ಒಡೆದು ಗದಗ ಜಿಲ್ಲೆ ಆತು. 2017ರ ಬಜೆಟ್ಟಿನಲ್ಲಿ ಗಜೇಂದ್ರಗಡ ತಾಲೂಕು ಘೋಷಣೆ ಆತು, ರೋಣದ ನಕಾಶೆ ಸಣ್ಣದಾತು. ಸರಕಾರದ ಗೆರೆ ಬದಲಾಗುತ್ತವೆ. ಊರಿಗೂ ಕೇರಿಗೂ ನಡುವಿನ ಗೆರೆ? ಅದು ಯಾವ ಕಚೇರಿಯ ನಕಾಶೆಯಲ್ಲೂ ಇಲ್ಲ. ಆದರೂ ಊರಿನ ಕೂಸಿಗೂ ಗೊತ್ತು.

2020ರಲ್ಲಿ ಕೇಂದ್ರದ ಸ್ವಾಮಿತ್ವ ಯೋಜನೆ ಶುರುವಾತು. ಸುಣ್ಣದಿಂದ ಮನೆಯ ಗಡಿ ಗುರುತು ಹಾಕಿ, ಡ್ರೋನ್ ಹಾರಿಸಿ, ಗಾಂವಠಾಣದ ಒಳಗಿನ ಮನೆಗಳನ್ನೂ ಅಳೆದು ಕಾಗದ ಕೊಡುವ ಕೆಲಸ. ಮೊದಲ ಹಂತದ ರಾಜ್ಯಗಳಲ್ಲಿ ಕರ್ನಾಟಕವೂ ಇತ್ತು. ಡ್ರೋನಿಗೆ ಜಾತಿ ಇಲ್ಲ. ಸುಣ್ಣ ಹಾಕುವ ಕೈಗೆ ಇರಬಹುದು!

ಅದಕ್ಕೇ ಹೇಳುತ್ತೇವೆ: ರಜೆಗೆ ಊರಿಗೆ ಹೋದಾಗ ಪಂಚಾಯತಿಗೆ ಹೋಗಿ, ಅಳತಿ ಆಗೇತೇನು ಕೇಳಿ. ಆಗಿದ್ದರೆ ನಕಾಶೆ ತೆಗೆಸಿ ನೋಡಿ. ಕೇರಿಯ ದಾರಿ ಐತೇನು? ಅವ್ವನ ಹೆಸರು ಐತೇನು? ಇಲ್ಲದಿದ್ದರೆ ತಕರಾರು ಅರ್ಜಿ ಬರೆದು ಕೊಟ್ಟು, ತಲುಪಿದ್ದಕ್ಕೆ ಸಹಿ ಹಾಕಿಸಿಕೊಳ್ಳಿ. ಆಗಿರದಿದ್ದರೆ, ಸುಣ್ಣ ಹಾಕುವ ದಿನ ಅಪ್ಪ ಅವ್ವ ಕೂಲಿ ಬಿಟ್ಟು ನಿಲ್ಲಲಾರರು. ನೀವು ನಿಲ್ಲಿ.

ಬೇರೆಯವರು ಎಳೆದ ಗೆರೆಯೊಳಗೆ ಬದುಕಿದ್ದು ಸಾಕು.