ಕಳ್ಳನ ಕಾಯೋ ಕ್ಯಾಮೆರಾಕ್ಕೂ ಒಂದು ಕೀಲಿ ಬೇಕ್ರಿ



ಅಮೀನಗಡ ಸುತ್ತಮುತ್ತ ಈಗ ಹೊಲದ ಮನಿ, ಕುರಿ ದೊಡ್ಡಿ, ಬೋರ್‌ವೆಲ್ ಶೆಡ್ಡು ಎಲ್ಲಾ ಕಡೆ ಕ್ಯಾಮೆರಾ ಬರಾಕತ್ತಾವ. ತಪ್ಪೇನಿಲ್ಲ. 2023ರ ಜುಲೈದಾಗ ಟೊಮ್ಯಾಟೊ ದರ ಏರಿದಾಗ ಹಾಸನ ಜಿಲ್ಲೆ ಬೇಲೂರು ತಾಲೂಕಿನ ಒಂದು ಹೊಲದಾಗ ಹಣ್ಣು ರಾತ್ರೋರಾತ್ರಿ ಕಳುವಾದ್ವು. ಟಗರಿಗೆ, ಮೋಟರ್ ಕೇಬಲ್‌ಗೆ ಕಾವಲು ಬೇಕೇಬೇಕು. ಆದ್ರ ಆ ಕ್ಯಾಮೆರಾದಾಗ ನಮ್ಮ ಮನಿ ಯಾರ್ಯಾರು ನೋಡಾಕತ್ತಾರ ಅನ್ನೋದನ್ನ ನಾವು ಕೇಳಂಗಿಲ್ಲ.

ಗೂಗಲ್‌ನಾಗ ನಾವು ಮೆಣಸಿನಕಾಯಿ ದರ ಹುಡುಕ್ತೀವಿ. ಹಂಗ ಶೋಡಾನ್ ಅಂತ ಒಂದೈತಿ, 2009ರಿಂದ ನಡದೈತಿ. ಅದು ಇಂಟರ್ನೆಟ್ಟಿಗೆ ಹಚ್ಚಿದ ಯಂತ್ರಗಳನ್ನ ಹುಡುಕತೈತಿ. ಜಗತ್ತಿನ ಒಂದೊಂದು ವಿಳಾಸದ ಬಾಗಿಲ ಬಡದು, ಒಳಗ ಏನೈತಿ ಅಂತ ಬರಕೊಂತೈತಿ. ಅದು ಕಳ್ಳತನಕ್ಕ ಮಾಡಿದ್ದಲ್ಲ, ಭದ್ರತೆ ಪರೀಕ್ಷೆ ಮಾಡವ್ರೂ ಅದನ್ನ ಬಳಸ್ತಾರ. ಆದ್ರ ಬಾಗಿಲ ತೆರದಿದ್ರ ಕಳ್ಳಗೂ ಕಾಣತೈತಿ.

ಬಾಗಿಲ ತೆರೆಯೋದು ಹ್ಯಾಂಗ? ಮೊಬೈಲ್‌ನಾಗ ನೋಡಾಕ ಬರಲಿ ಅಂತ ಕ್ಯಾಮೆರಾ ಹಚ್ಚೋ ಹುಡುಗ ರೂಟರ್‌ನಾಗ ಒಂದು ದಾರಿ ಬಿಡ್ತಾನ. ಕಂಪನಿಯಿಂದ ಬಂದ ಪಾಸ್‌ವರ್ಡ್ ಹಂಗೇ ಇರತೈತಿ. ಆ ಪಾಸ್‌ವರ್ಡ್ ಕಂಪನಿ ಪುಸ್ತಕದಾಗೇ ಅಚ್ಚಾಗಿರತೈತಿ, ಊರಿಗೆಲ್ಲಾ ಗೊತ್ತು. ಸಿಮ್ ಹಾಕಿದ ಸೋಲಾರ್ ಕ್ಯಾಮೆರಾ ಹೆಚ್ಚಾಗಿ ಕಂಪನಿ ಸರ್ವರ್ ಮೂಲಕ ನಡೀತಾವ. ಅಲ್ಲಿ ಆ್ಯಪಿನ ಪಾಸ್‌ವರ್ಡೇ ಕೀಲಿ.

"ನಮ್ಮ ದೊಡ್ಡಿಯಾಗ ನೋಡಾಕ ಏನೈತ್ರಿ?" ಅಂತೀರಿ. ಮನಿ ಮಂದಿ ಸಂತಿಗೆ ಯಾವಾಗ ಹೋದ್ರು, ನಾಯಿ ಎಲ್ಲಿ ಕಟ್ಟೈತಿ, ಟಗರು ಎಷ್ಟದಾವ, ಎಲ್ಲಾ ಕಾಣತೈತಿ. ಅದಕ್ಕಿಂತ ದೊಡ್ಡದು ಹೆಣ್ಮಕ್ಕಳ ಮರ್ಯಾದಿ. 2025ರ ಫೆಬ್ರುವರಿಯಾಗ ಗುಜರಾತಿನ ರಾಜಕೋಟದ ಹೆರಿಗೆ ಆಸ್ಪತ್ರೆಯೊಂದರ ಕ್ಯಾಮೆರಾ ದೃಶ್ಯ ಕದ್ದು ಟೆಲಿಗ್ರಾಮ್‌ನಾಗ ಮಾರಿದ್ದು ಬಯಲಾತು. ತಪಾಸಣೆಗೆ ಬಂದ ತಾಯಂದ್ರು ಏನ್ ತಪ್ಪು ಮಾಡಿದ್ರು?

2016ರಾಗ ಮಿರಾಯ್ ಅನ್ನೋ ವೈರಸ್ ಇಂಥ ಹಳೇ ಪಾಸ್‌ವರ್ಡ್ ಇಟ್ಕೊಂಡೇ ಲಕ್ಷಗಟ್ಟಲೆ ಕ್ಯಾಮೆರಾ, ರೂಟರ್ ಹಿಡದಿತ್ತು. ಆ ಅಕ್ಟೋಬರ್‌ದಾಗ ಅಮೆರಿಕಾದಾಗ ದೊಡ್ಡ ದೊಡ್ಡ ವೆಬ್‌ಸೈಟೇ ನಿಂತ್ವು. ನಮ್ಮ ಸರ್ಕಾರನೂ 2025ರ ಏಪ್ರಿಲ್ 9ರಿಂದ ಹೊಸಾ ಸಿಸಿಟಿವಿಗೆ ಭದ್ರತಾ ಪರೀಕ್ಷೆ ಕಡ್ಡಾಯ ಮಾಡೈತಿ. ಆದ್ರ ಗ್ವಾಡಿಗೆ ಆಗಲೇ ಹಚ್ಚಿದ ಹಳೇ ಕ್ಯಾಮೆರಾಕ್ಕ ನಾವೇ ಜವಾಬ್ದಾರಿ.

ನನ್ನ ಮಾತು ಇಷ್ಟ. ಕ್ಯಾಮೆರಾ ಹಚ್ಚಿದವ ಎದುರಿಗಿದ್ದಾಗಲೇ ಪಾಸ್‌ವರ್ಡ್ ಬದಲಿಸ್ರಿ, ನಿಮ್ಮ ಕೈಲೇ ಟೈಪ್ ಮಾಡ್ರಿ, ಅವಗೂ ಹೇಳಬ್ಯಾಡ್ರಿ. ರೂಟರ್‌ನಾಗ ದಾರಿ ಬಿಟ್ಟಿದ್ರ ಮುಚ್ಚಿಸ್ರಿ. ಆ್ಯಪ್ ಅಪ್ಡೇಟ್ ಕೇಳಿದ್ರ ಕೊಡ್ರಿ. ಕ್ಯಾಮೆರಾ ಮುಖ ದೊಡ್ಡಿ ಬಾಗಿಲಕ್ಕ ಇರಲಿ. ಬಚ್ಚಲ ಕಡೆ, ಬಾಜೂ ಮನಿ ಅಂಗಳದ ಕಡೆ, ಕೂಲಿ ಹೆಣ್ಮಕ್ಕಳು ಬುತ್ತಿ ಬಿಚ್ಚಿ ಕುಂದ್ರೋ ಗಿಡದ ಬುಡಕ್ಕ ಬ್ಯಾಡ. ಅವರನ್ನ ಕೇಳದ ಅವರ ಚಿತ್ರ ಹಿಡಿಯೋ ಹಕ್ಕು ನಮಗಿಲ್ಲ.

ಮೊಬೈಲ್ ಗೊತ್ತಿರೋ ಮಕ್ಕಳು ಮನ್ಯಾಗ ಅದಾವ. ಇವತ್ತ ಸಂಜಿ ಕರದು ಕುಂದ್ರಿಸ್ಕೋರಿ. ಹತ್ತು ನಿಮಿಷದ ಕೆಲಸ, ಒಂದು ರೂಪಾಯಿ ಖರ್ಚಿಲ್ಲ.