ಫ್ರೀ ಲೆಫ್ಟ್ ಯಾರಪ್ಪನ ಮನೆಯದು?

ಬೆಂಗಳೂರಿನ ಯಾವುದೇ ಸರ್ಕಲ್ಲಿಗೆ ಹೋಗಿ, ಎಡಗಡೆ ಸಾಲಿನಲ್ಲಿ, ಕೆಂಪು ದೀಪ ಕಂಡು ನಿಮ್ಮ ಪಾಡಿಗೆ ನೀವು ಗಾಡಿ ನಿಲ್ಲಿಸಿ ನೋಡಿ. ಮೂರು ಸೆಕೆಂಡು ಸಾಕು, ಹಿಂದಿನಿಂದ ಹಾರನ್ ಶುರು. ಹತ್ತನೇ ಸೆಕೆಂಡಿಗೆ ಒಬ್ಬ ಕಿಟಕಿಯಿಂದ ತಲೆ ಹೊರಗೆ ಹಾಕಿ, "ರೀ, ಫ್ರೀ ಲೆಫ್ಟ್ ಕಣ್ರೀ, ಹೋಗ್ರೀ" ಅಂತಾನೆ. ಅಲ್ಲಿ ಫ್ರೀ ಲೆಫ್ಟ್ ಬೋರ್ಡು ಇದೆಯಾ ಅಂತ ಅವನು ನೋಡಿರೋದಿಲ್ಲ. ನೋಡುವ ಅಗತ್ಯವೂ ಅವನಿಗೆ ಕಂಡಿಲ್ಲ. ಎಡಕ್ಕೆ ತಿರುಗುವುದು ಹುಟ್ಟಿನಿಂದಲೇ ಬಂದ ಹಕ್ಕು ಅಂತ ಅವನ ನಂಬಿಕೆ. ಇದು ಅವನೊಬ್ಬನ ನಂಬಿಕೆಯಾಗಿದ್ದರೆ ಬಿಡಬಹುದಿತ್ತು. ಇಡೀ ಊರೇ ಹಾಗೆ ನಂಬಿಕೊಂಡಿದೆ ಅನ್ನೋದೇ ತೊಂದರೆ.

ಮೊದಲು ಒಂದು ವಿಷಯ ಸ್ಪಷ್ಟ ಮಾಡಿಕೊಳ್ಳೋಣ. ಅಂಥ ಹಕ್ಕು ನಮ್ಮ ಕಾನೂನಿನಲ್ಲಿ ಇಲ್ಲ. 1988ರ ಮೋಟಾರು ವಾಹನ ಕಾಯ್ದೆಯ ಸೆಕ್ಷನ್ 119 ಹೇಳೋದು ಇಷ್ಟೇ: ಕಡ್ಡಾಯ ಸಂಚಾರ ಫಲಕ, ಸಿಗ್ನಲ್ ದೀಪ, ಕರ್ತವ್ಯದಲ್ಲಿರುವ ಪೊಲೀಸರ ಸೂಚನೆ, ಈ ಮೂರಕ್ಕೂ ಚಾಲಕ ಬದ್ಧ. ಕೆಂಪು ದೀಪ ಅಂದರೆ ನಿಲ್ಲು. ನೇರ ಹೋಗುವವನಿಗೆ ನಿಲ್ಲು, ಎಡಕ್ಕೆ ಹೋಗುವವನಿಗೆ ಹೋಗು ಅಂತ ಅದರಲ್ಲಿ ಎರಡು ಅರ್ಥ ಇಲ್ಲ. ಎಡಕ್ಕೆ ಬಿಡುವ ಫಲಕ ಇದ್ದರೆ, ಹಸಿರು ಬಾಣ ಉರಿದರೆ, ಪೊಲೀಸಪ್ಪ ಕೈ ಬೀಸಿದರೆ ಹೋಗಬಹುದು. ಅದು ಆ ಜಾಗಕ್ಕೆ, ಆ ಹೊತ್ತಿಗೆ ಕೊಟ್ಟ ಅನುಮತಿ. ಎಡಗಡೆ ಓಡಿಸುವ ಪದ್ಧತಿಯನ್ನು ನಮಗೆ ಕೊಟ್ಟು ಹೋದ ಬ್ರಿಟನ್ನಿನಲ್ಲೇ ಕೆಂಪು ದೀಪದಲ್ಲಿ ಎಡಕ್ಕೆ ತಿರುಗುವ ಹಾಗಿಲ್ಲ. ಹಾಗಿರುವಾಗ ನಮಗೆ ಈ ಹಕ್ಕು ಯಾವ ತಾತನ ಆಸ್ತಿಯಿಂದ ಬಂತು?

ಅನುಮತಿ ಇರುವ ಕಡೆಯಲ್ಲೂ ಅದು ಷರತ್ತಿನ ಅನುಮತಿ ಅನ್ನೋದನ್ನು ಮರೀಬಾರದು. ಎಡಕ್ಕೆ ತಿರುಗುವವನು ಮೊದಲೇ ಎಡ ಅಂಚಿಗೆ ಬಂದಿರಬೇಕು, ಸೂಚನೆ ಕೊಡಬೇಕು, ಕೂಡುರಸ್ತೆ ಹತ್ತಿರ ವೇಗ ತಗ್ಗಿಸಬೇಕು, ಜೀಬ್ರಾ ಪಟ್ಟಿಯ ಮೇಲೆ ಜನ ಇದ್ದರೆ ಅವರನ್ನು ದಾಟಲು ಬಿಡಬೇಕು. ಇದು 1989ರ ರಸ್ತೆ ನಿಯಮಗಳಲ್ಲೂ ಇತ್ತು, ಅವುಗಳ ಜಾಗಕ್ಕೆ ಬಂದ 2017ರ ಚಾಲನಾ ನಿಯಮಾವಳಿಯಲ್ಲೂ ಇದೆ. ಫ್ರೀ ಅಂದರೆ ದೀಪ ಹಸಿರಾಗುವ ತನಕ ಕಾಯಬೇಕಿಲ್ಲ ಅಂತ ಅರ್ಥವೇ ಹೊರತು, ಎದುರಿಗೆ ಸಿಕ್ಕ ಅಜ್ಜಿ ಎಗರಿ ಪಕ್ಕಕ್ಕೆ ಹೋಗಬೇಕು ಅಂತಲ್ಲ.

ಈಗ ಶಿಕ್ಷೆಯ ಕಡೆ ಬನ್ನಿ. ಸೆಕ್ಷನ್ 184 ಅಪಾಯಕಾರಿ ಚಾಲನೆಗೆ ಸಂಬಂಧಿಸಿದ್ದು. 2019ರ ತಿದ್ದುಪಡಿಯಲ್ಲಿ ಸಂಸತ್ತು ಅದಕ್ಕೊಂದು ವಿವರಣೆ ಸೇರಿಸಿತು. ಅಪಾಯಕಾರಿ ಚಾಲನೆ ಎಂದರೆ ಏನೇನು ಅನ್ನುವ ಆ ಪಟ್ಟಿಯಲ್ಲಿ ಮೊಟ್ಟಮೊದಲ ಹೆಸರೇ ಕೆಂಪು ದೀಪ ಹಾರುವುದು. ಮೊದಲ ಸಲಕ್ಕೆ ಆರು ತಿಂಗಳಿಗೆ ಕಡಿಮೆಯಿಲ್ಲದ, ಒಂದು ವರ್ಷದವರೆಗಿನ ಜೈಲು, ಇಲ್ಲವೇ 1,000ದಿಂದ 5,000 ರೂಪಾಯಿ ದಂಡ, ಇಲ್ಲವೇ ಎರಡೂ. ಮೂರು ವರ್ಷದೊಳಗೆ ಮತ್ತೆ ಸಿಕ್ಕಿಬಿದ್ದರೆ ಎರಡು ವರ್ಷದವರೆಗೆ ಜೈಲು, ಇಲ್ಲವೇ 10,000 ದಂಡ, ಇಲ್ಲವೇ ಎರಡೂ. ಇದು ದೆಹಲಿಯಲ್ಲಿ ಬರೆದ ಮಾತು. ನಮ್ಮೂರಿನಲ್ಲಿ ಏನಾಗುತ್ತೆ? ಸಿಗ್ನಲ್ ಜಂಪ್ ಅಂದರೆ ಸಾಮಾನ್ಯವಾಗಿ 500 ರೂಪಾಯಿಯ ಚಲನ್. ಮೊಬೈಲಿಗೆ ಮೆಸೇಜು ಬರುತ್ತೆ, ನಾವು ಅದನ್ನು ನೋಡಿ ಪಕ್ಕಕ್ಕಿಡ್ತೀವಿ. ಯಾಕೆ ಪಕ್ಕಕ್ಕಿಡ್ತೀವಿ? 2023ರ ಫೆಬ್ರವರಿಯಲ್ಲಿ ಬಾಕಿ ಇದ್ದ ಚಲನ್‌ಗಳಿಗೆ ಅರ್ಧಕ್ಕರ್ಧ ರಿಯಾಯಿತಿ ಕೊಟ್ಟರಲ್ಲ, ಅದಕ್ಕೆ. ಜನ ಆಷಾಢದ ಸೀರೆ ಸೇಲಿಗೆ ನಿಂತ ಹಾಗೆ ಸಾಲುಗಟ್ಟಿ ಕಟ್ಟಿದರು. ಸಮಯಕ್ಕೆ ಸರಿಯಾಗಿ ಪೂರ್ತಿ ದಂಡ ಕಟ್ಟಿದವನು ಪೆದ್ದನಾದ.

ಲೆಕ್ಕ ಹಾಕಿ ನೋಡಿ. ಜೈಲಿಗೆ ಹಾಕಬಹುದಾದ ಅಪರಾಧ ಅಂತ ಸಂಸತ್ತು ಹೇಳಿದ್ದನ್ನು ನಾವು 500ಕ್ಕೆ ಮಾರಿದೆವು, ಅದನ್ನೂ ಸೇಲಿನಲ್ಲಿ 250ಕ್ಕೆ ಕೊಟ್ಟೆವು. ಆಮೇಲೆ "ನಮ್ಮ ಜನಕ್ಕೆ ಶಿಸ್ತಿಲ್ಲ" ಅಂತ ಭಾಷಣ ಮಾಡಿದೆವು.

"ಅಯ್ಯೋ, ಎಡಕ್ಕೆ ತಿರುಗೋದಕ್ಕೆ ಇಷ್ಟೊಂದು ರಂಪ ಯಾಕೆ?" ಅನ್ನುವವರಿದ್ದಾರೆ. ಅವರಿಗೆ ಒಂದು ಅಂಕಿ. ಕೇಂದ್ರ ಸಾರಿಗೆ ಸಚಿವಾಲಯದ ವರದಿಯ ಪ್ರಕಾರ 2022ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತವರು 1,68,491 ಜನ. ಅದರಲ್ಲಿ 32,825 ಮಂದಿ ನಡೆದು ಹೋಗುತ್ತಿದ್ದವರು. ಹತ್ತಿರ ಹತ್ತಿರ ಐದರಲ್ಲಿ ಒಬ್ಬರು. ಇವರೆಲ್ಲ ಎಡ ತಿರುವಿನಲ್ಲೇ ಸತ್ತರು ಅಂತ ನಾನು ಹೇಳ್ತಿಲ್ಲ. ಆದರೆ ಕೂಡುರಸ್ತೆಯಲ್ಲಿ ಪಾದಚಾರಿಗೆ ದಾಟಲು ಸಿಗುವ ಒಂದೇ ಒಂದು ಹೊತ್ತು ವಾಹನಗಳ ಕೆಂಪು ದೀಪ. ಆ ಹೊತ್ತಿನಲ್ಲೂ ಎಡಗಡೆಯಿಂದ ಗಾಡಿಗಳ ಸಾಲು ನಿಲ್ಲದೆ ಹರಿದರೆ ಅವರು ದಾಟೋದು ಯಾವಾಗ? ದೀಪ ಹಸಿರಿದ್ದಾಗ ನೇರ ಹೋಗುವವರು ಬಿಡಲ್ಲ, ಕೆಂಪಿದ್ದಾಗ ಎಡಕ್ಕೆ ಹೋಗುವವರು ಬಿಡಲ್ಲ. ಉಳಿದದ್ದು ರಾತ್ರಿ ಹನ್ನೊಂದು ಗಂಟೆಯ ಮೇಲೆ. ಆಗ ದಾಟೋಣ ಅಂದರೆ ಸಿಗ್ನಲ್ಲೇ ಆಫ್ ಆಗಿರುತ್ತೆ!

ಇನ್ನು ಅಪಘಾತ ಆಗಿಯೇ ಬಿಟ್ಟರೆ? ಇಲ್ಲಿಂದ ಮುಂದಿನದು ಹೆಚ್ಚಿನವರಿಗೆ ಗೊತ್ತಿಲ್ಲ, ಗೊತ್ತಿರಬೇಕಾದದ್ದೂ ಇದೇ.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ದುಡುಕಿನ, ಅಜಾಗರೂಕ ಚಾಲನೆಗೆ ಸೆಕ್ಷನ್ 281, ಆರು ತಿಂಗಳವರೆಗೆ ಜೈಲು. ತೀವ್ರ ಗಾಯವಾದರೆ 125(ಬಿ), ಮೂರು ವರ್ಷದವರೆಗೆ. ಸಾವಾದರೆ 106(1), ಐದು ವರ್ಷದವರೆಗೆ. ಹಳೆಯ ದಂಡಸಂಹಿತೆಯ 304ಎ ಅಡಿಯಲ್ಲಿ ಇದು ಎರಡೇ ವರ್ಷ ಇತ್ತು. ಮೋಟಾರು ಕಾಯ್ದೆಯಲ್ಲಿ ದಂಡ ಕಟ್ಟಿ ಕೈ ತೊಳೆದುಕೊಳ್ಳುವ ಹಾಗೂ ಇಲ್ಲ. ಎರಡೂ ಕಾನೂನುಗಳಡಿ ಮೊಕದ್ದಮೆ ನಡೆಸಬಹುದು ಅಂತ ಸುಪ್ರೀಂ ಕೋರ್ಟು 2019ರ ಅಕ್ಟೋಬರಿನಲ್ಲಿ, ಅರುಣಾಚಲ ಪ್ರದೇಶದ ಪ್ರಕರಣವೊಂದರಲ್ಲಿ ಹೇಳಿದೆ.

ಕಾಗದದಲ್ಲಿ ಎಲ್ಲ ಸರಿಯಾಗಿದೆ. ಎಡವುವುದು ಎಲ್ಲಿ ಅಂದರೆ ಠಾಣೆಯಲ್ಲಿ. ನಮ್ಮ ಅಪಘಾತದ ಎಫ್‌ಐಆರ್‌ಗಳನ್ನು ಓದಿದವರಿಗೆ ಗೊತ್ತು, "ಅತಿವೇಗ ಮತ್ತು ಅಜಾಗರೂಕತೆಯಿಂದ ಚಲಾಯಿಸಿಕೊಂಡು ಬಂದು" ಅನ್ನುವ ಸಾಲು ಮದುವೆ ಕರೆಯೋಲೆಯ "ಸುಖಾಗಮನ ಬಯಸುವವರು" ಇದ್ದ ಹಾಗೆ, ಎಲ್ಲದರಲ್ಲೂ ಇರುತ್ತೆ. ಆದರೆ ಆ ಸಾಲಿನಿಂದ ಶಿಕ್ಷೆಯಾಗೋದಿಲ್ಲ. 1998ರಲ್ಲೇ ಕರ್ನಾಟಕ ಸರ್ಕಾರ ಮತ್ತು ಸತೀಶ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿತು: ಗಾಡಿ ಅತಿವೇಗದಲ್ಲಿತ್ತು ಅಂದಮಾತ್ರಕ್ಕೆ ಅಜಾಗರೂಕತೆ ಸಾಬೀತಾಗೋದಿಲ್ಲ. ಲಾರಿ ಮಗುಚಿದ ಆ ಪ್ರಕರಣದಲ್ಲಿ ಚಾಲಕನ ಖುಲಾಸೆ ಉಳಿಯಿತು. ಮತ್ತೆ ಎಡ ತಿರುವಿನ ಡಿಕ್ಕಿ ಬಹಳ ಸಲ ವೇಗದ್ದೇ ಅಲ್ಲ. ಬಸ್ಸು ನಿಧಾನವಾಗಿಯೇ ತಿರುಗುತ್ತೆ, ಹಿಂದಿನ ಚಕ್ರ ಒಳಕ್ಕೆ ಎಳೆಯುತ್ತೆ, ಪಕ್ಕದಲ್ಲಿದ್ದ ಸ್ಕೂಟರು ಅದರಡಿ ಹೋಗುತ್ತೆ. ಅಲ್ಲಿ ಬರೆಯಬೇಕಾದದ್ದು ದೀಪ ಯಾವುದಿತ್ತು, ಬಾಣ ಇತ್ತೋ ಇಲ್ಲವೋ, ಗಾಡಿ ಯಾವ ಸಾಲಿನಿಂದ ತಿರುಗಿತು, ಇಂಡಿಕೇಟರ್ ಹಾಕಿತ್ತಾ, ಜೀಬ್ರಾ ಪಟ್ಟಿ ಎಷ್ಟು ದೂರ ಅನ್ನೋದನ್ನ. ಅದು ಬಿಟ್ಟು "ಅತಿವೇಗ" ಅಂತ ಬರೆದರೆ ಪ್ರಕರಣ ಹುಟ್ಟುವಾಗಲೇ ಕುಂಟುತ್ತೆ.

ಈ ವಿವರಗಳಿಗೆ ರೂಪಾಯಿಯಲ್ಲಿ ಬೆಲೆ ಇದೆ. ಒಂದು ಉದಾಹರಣೆ ಇಟ್ಟುಕೊಳ್ಳಿ. ಗಾರ್ಮೆಂಟ್ಸ್ ಕೆಲಸಕ್ಕೆ ಹೋಗುವ 32 ವರ್ಷದ ಹೆಣ್ಣುಮಗಳು, ತಿಂಗಳಿಗೆ 15,000 ಸಂಬಳ, ಮನೆಯಲ್ಲಿ ಗಂಡ ಮತ್ತು ಇಬ್ಬರು ಮಕ್ಕಳು ಅವಲಂಬಿತರು. ಎಡ ತಿರುವಿನಲ್ಲಿ ಗಾಡಿ ಬಡಿದು ತೀರಿಕೊಂಡಳು ಅನ್ನಿ. 2009ರ ಸರಳಾ ವರ್ಮಾ ತೀರ್ಪು, 2017ರ ಪ್ರಣಯ್ ಸೇಠಿ ತೀರ್ಪು, ಇವೆರಡರ ಸೂತ್ರ ಹೀಗೆ: ಮುಂದಿನ ಆದಾಯದ ನಿರೀಕ್ಷೆಗೆ ಶೇ. 40 ಸೇರಿಸಿದರೆ ತಿಂಗಳಿಗೆ 21,000. ವರ್ಷಕ್ಕೆ 2,52,000. ಅವಳ ಸ್ವಂತ ಖರ್ಚಿಗೆ ಮೂರನೇ ಒಂದು ಭಾಗ ಕಳೆದರೆ 1,68,000. ಆ ವಯಸ್ಸಿಗೆ ಗುಣಕ 16. ಒಟ್ಟು 26,88,000 ರೂಪಾಯಿ. ಅಂತ್ಯಕ್ರಿಯೆ ವಗೈರೆ ಬಾಬ್ತು ಬೇರೆ.

ಈಗ ವಿಮಾ ಕಂಪನಿಯ ವಕೀಲರು ಎದ್ದು ನಿಲ್ತಾರೆ. "ಸ್ವಾಮಿ, ಆಕೆಯೂ ನೋಡಿಕೊಂಡು ದಾಟಲಿಲ್ಲ, ಅಲ್ಲಿ ಫ್ರೀ ಲೆಫ್ಟ್ ಇತ್ತು" ಅಂತಾರೆ. ಕಾಲು ಪಾಲು ತಪ್ಪು ಅವಳದ್ದೇ ಅಂತ ನ್ಯಾಯಮಂಡಳಿಗೆ ಅನ್ನಿಸಿದರೆ 6,72,000 ರೂಪಾಯಿ ಖೋತಾ. ಸ್ಕೂಟರಿನವನಾದರೆ ವಾದ ಇನ್ನೂ ಸುಲಭ, "ಎಡಗಡೆಯಿಂದ ಓವರ್‌ಟೇಕ್ ಮಾಡಲು ಬಂದ". ನಡುಸಾಲಿನಲ್ಲಿದ್ದ ಬಸ್ಸು ಇದ್ದಕ್ಕಿದ್ದಂತೆ ಎಡಕ್ಕೆ ಕತ್ತರಿಸಿದರೆ, ಅಂಚಿನಲ್ಲಿ ನೆಟ್ಟಗೆ ಹೋಗುತ್ತಿದ್ದವನು ಓವರ್‌ಟೇಕ್ ಮಾಡಿದ ಹಾಗೆ ಹೇಗಾಗುತ್ತೆ? ಹೇಳಲು ಸತ್ತವನು ಬರೋದಿಲ್ಲ. ಹೇಳಬೇಕಾದ್ದು ಪೊಲೀಸರ ನಕ್ಷೆ ಮತ್ತು ಸರ್ಕಲ್ಲಿನ ಕ್ಯಾಮೆರಾ. 2022ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ನಿಯಮಗಳ ಪ್ರಕಾರ ಪೊಲೀಸರು 48 ಗಂಟೆಯೊಳಗೆ ಮೊದಲ ವರದಿ, 90 ದಿನದೊಳಗೆ ವಿವರವಾದ ಅಪಘಾತ ವರದಿಯನ್ನು ನ್ಯಾಯಮಂಡಳಿಗೆ ಕೊಡಬೇಕು. ಆ ವರದಿಯಲ್ಲಿ ದೀಪದ ಬಣ್ಣ ಇಲ್ಲದಿದ್ದರೆ, ಎರಡು ಮಕ್ಕಳ ಆರೂ ಮುಕ್ಕಾಲು ಲಕ್ಷ ಯಾರದೋ ಸೋಮಾರಿತನಕ್ಕೆ ಹೋಯಿತು ಅಂತಲೇ ಲೆಕ್ಕ.

ಫ್ರೀ ಲೆಫ್ಟ್ ಯಾರಿಗೆ ಫ್ರೀ ಅನ್ನುವುದು ಈಗ ತಿಳಿಯಿತಲ್ಲ? ಗಾಡಿಯವನಿಗೆ ಉಳಿದದ್ದು ನಲವತ್ತು ಸೆಕೆಂಡು. ಅವನ ವಿಮೆ ಮೂರನೆಯವರಿಗೆ ಪರಿಹಾರ ಕೊಡುತ್ತೆ, ಅವನ ಜೇಬಿಗೆ ಕೈ ಬೀಳೋದು ಲೈಸೆನ್ಸು ಇಲ್ಲದಿದ್ದಂಥ ಸಂದರ್ಭಗಳಲ್ಲಿ ಮಾತ್ರ. ಬೆಲೆ ತೆರೋದು ನಡೆಯುವವರು.

ಎದುರು ವಾದಗಳೂ ಇವೆ, ಕೇಳೋಣ. "ಎಡಕ್ಕೆ ಬಿಡದಿದ್ದರೆ ಟ್ರಾಫಿಕ್ ಜಾಮಾಗುತ್ತೆ, ಪೆಟ್ರೋಲು ವ್ಯರ್ಥ." ಅಮೆರಿಕದಲ್ಲೂ ಇದೇ ಮಾತು ಹೇಳಿಯೇ 1970ರ ದಶಕದ ತೈಲ ಬಿಕ್ಕಟ್ಟಿನಲ್ಲಿ ಕೆಂಪು ದೀಪದಲ್ಲಿ ಬಲಕ್ಕೆ ತಿರುಗಲು ಬಿಟ್ಟರು. ಅವರ ಬಲ ಅಂದರೆ ನಮ್ಮ ಎಡ. ಆದರೆ ಅಲ್ಲಿಯ ನಿಯಮ, ಮೊದಲು ಗಾಡಿ ಪೂರ್ತಿ ನಿಲ್ಲಬೇಕು, ಪಾದಚಾರಿ ಇದ್ದರೆ ಬಿಡಬೇಕು, ಆಮೇಲೆ ತಿರುಗಬೇಕು. ಅಷ್ಟಾದರೂ ನ್ಯೂಯಾರ್ಕ್ ನಗರ ಒಪ್ಪಲಿಲ್ಲ, ಅಲ್ಲಿ ಫಲಕ ಇಲ್ಲದ ಕಡೆ ಇವತ್ತಿಗೂ ನಿಷೇಧ. ರಾಜಧಾನಿ ವಾಷಿಂಗ್ಟನ್ ಕೂಡ ಅದೇ ದಾರಿ ಹಿಡಿದಿದೆ. ನಮ್ಮ ಟೆಕ್ಕಿಗಳು ಅಲ್ಲಿ ಎರಡು ವರ್ಷ ಇದ್ದು ಬಂದು ಅಲ್ಲಿನ ಶಿಸ್ತಿನ ಬಗ್ಗೆ ಗಂಟೆಗಟ್ಟಲೆ ಹೇಳ್ತಾರೆ. ಸಿಲ್ಕ್ ಬೋರ್ಡ್ ದಾಟುವಷ್ಟರಲ್ಲಿ ಆ ಪೂರ್ತಿ ನಿಲ್ಲುವ ಅಭ್ಯಾಸ ಎಲ್ಲಿ ಹೋಗುತ್ತೋ!

"ಪಾದಚಾರಿಗಳೂ ಎಲ್ಲೆಂದರಲ್ಲಿ ನುಗ್ತಾರೆ." ನಿಜ. ಜೀಬ್ರಾ ಮೇಲೆ ಹೋದರೂ ನಿಲ್ಲಿಸದ ಊರಿನಲ್ಲಿ ಅವರು ಜೀಬ್ರಾ ಹುಡುಕಿಕೊಂಡು ಯಾಕೆ ಹೋಗಬೇಕು ಅಂತ ಒಮ್ಮೆ ಯೋಚಿಸಿ. "ನೇರ ಹೋಗುವವರು ಎಡಸಾಲಿಗೆ ಅಡ್ಡ ನಿಂತು ಫ್ರೀ ಲೆಫ್ಟ್ ಮುಚ್ತಾರೆ." ಬೋರ್ಡು ಇರುವ ಕಡೆ ಹಾಗೆ ನಿಲ್ಲುವುದು ತಪ್ಪೇ, ಅವರಿಗೂ ದಂಡ ಹಾಕಿ. ಅದಕ್ಕೆ ಮದ್ದು ರಸ್ತೆಯ ಮೇಲೆ ಬಳಿಯುವ ಬಿಳಿ ಬಣ್ಣ, ಫುಟ್‌ಪಾತಿನ ಮೇಲೆ ಬೈಕು ಹತ್ತಿಸೋದಲ್ಲ.

ಮಾಡಬೇಕಾದದ್ದು ಆಕಾಶದಿಂದ ಇಳಿದು ಬರಬೇಕಿಲ್ಲ. ಜನ ದಾಟುವ ಸರ್ಕಲ್ಲುಗಳಲ್ಲಿ ಫ್ರೀ ಲೆಫ್ಟ್ ತೆಗೆದು ಎಡಕ್ಕೊಂದು ಪ್ರತ್ಯೇಕ ಬಾಣ ಕೊಡಿ, ಜನ ದಾಟುವಾಗ ಅದೂ ಕೆಂಪಾಗಿರಲಿ. ಇಲ್ಲದ ಕಡೆ ಇಲ್ಲ ಅಂತ ದೊಡ್ಡದಾಗಿ, ಕನ್ನಡದಲ್ಲಿ ಬರೆಯಿರಿ. ಜೀಬ್ರಾ ಮೇಲೆ ಜನ ಇರುವಾಗ ನುಗ್ಗಿದವನಿಗೆ 500ರ ಮೆಸೇಜು ಬೇಡ, 184ರ ಅಡಿ ಕೋರ್ಟಿಗೆ ಕಳಿಸಿ, ಅಂಥ ಪ್ರಕರಣಕ್ಕೆ ಯಾವ ಸೇಲೂ ಅನ್ವಯಿಸದಿರಲಿ. ಅಪಘಾತವಾದ ದಿನವೇ ಸರ್ಕಲ್ಲಿನ ಕ್ಯಾಮೆರಾ ದೃಶ್ಯ ತೆಗೆದಿಟ್ಟು ವರದಿಗೆ ಸೇರಿಸಿ. ಹಾಗೇ, ತಿರುವನ್ನು ರೇಸ್ ಟ್ರ್ಯಾಕಿನ ಹಾಗೆ ಅಗಲವಾಗಿ ಬಳಸಿ ಕಟ್ಟುವ ಎಂಜಿನಿಯರುಗಳಿಗೆ ಸೆಕ್ಷನ್ 198ಎ ನೆನಪಿಸಿ. ರಸ್ತೆಯ ವಿನ್ಯಾಸ, ನಿರ್ಮಾಣ, ನಿರ್ವಹಣೆಯಲ್ಲಿ ನಿಗದಿತ ಮಾನದಂಡ ಪಾಲಿಸದೆ ಸಾವೋ ಅಂಗವೈಕಲ್ಯವೋ ಆದರೆ ಹೊಣೆಗಾರರಿಗೆ ಒಂದು ಲಕ್ಷದವರೆಗೆ ದಂಡ ಅಂತ 2019ರಿಂದ ಕಾಯ್ದೆಯಲ್ಲೇ ಇದೆ. ಒಂದು ಲಕ್ಷ ದೊಡ್ಡ ಮೊತ್ತವಲ್ಲ. ಆದರೆ ಒಬ್ಬ ಎಂಜಿನಿಯರು ಕೋರ್ಟಿನ ಬೆಂಚಿನ ಮೇಲೆ ಒಂದು ಬೆಳಗ್ಗೆ ಕಾದು ಕೂತರೆ ಸಾಕು, ಮುಂದಿನ ಹತ್ತು ಸರ್ಕಲ್ಲುಗಳ ನಕ್ಷೆ ತಾನಾಗಿ ಸರಿಹೋಗುತ್ತೆ.

ಅಲ್ಲಿಯವರೆಗೆ ಎಡಸಾಲಿನಲ್ಲಿ ಕೆಂಪು ದೀಪಕ್ಕೆ ನಿಲ್ಲುವವರು ನಿಂತೇ ಇರಿ. ಹಾರನ್ನಿಗೆ ಹೆದರಬೇಡಿ. ಹಾರನ್ ಹೊಡೆಯುವವನ ಹತ್ತಿರ ಸಿಟ್ಟಿದೆ, ಸೆಕ್ಷನ್ 119 ನಿಮ್ಮ ಕಡೆ ಇದೆ.